ಕಾಗದವಿಲ್ಲದೆ 60 ದಿನ ಉದ್ದರಿ: ಚೀನೀ ವ್ಯಾಪಾರಿಗಳು ಯಾರನ್ನು, ಹೇಗೆ ನಂಬುತ್ತಾರೆ?

ಸೈಕಲ್ಲಿನವ

ಬೆಂಗಳೂರಿನ ಪೇಟೆಯಲ್ಲಿ ನನ್ನದು ಸೈಕಲ್ ಬಿಡಿಭಾಗಗಳ ಸಗಟು ಅಂಗಡಿ. ಹಬ್, ಚೈನ್, ಫ್ರೀವ್ಹೀಲ್ ಮುಂತಾದ ಮಾಲನ್ನು ತೈವಾನಿನ ತೈಚುಂಗ್ ಕಡೆಯಿಂದ ತರಿಸುತ್ತೇನೆ. ಮೊದಲ ಮೂರು ವರ್ಷ ಪೂರ್ತಿ ಹಣ ಮುಂಗಡ ಕಟ್ಟಿದ ಮೇಲೆಯೇ ಮಾಲು ಹಡಗು ಹತ್ತುತ್ತಿತ್ತು. ನಾಲ್ಕನೆಯ ವರ್ಷ ಖುದ್ದು ಹೋದೆ. ಕಾರ್ಖಾನೆ ಎಂದರೆ ಗದ್ದೆಗಳ ನಡುವೆ ಒಂದು ತಗಡಿನ ಚಾವಣಿ, ಒಳಗೆ ಹದಿನೈದು ಜನ, ಬಾಗಿಲ ಪಕ್ಕದಲ್ಲೊಂದು ಟೀ ಮೇಜು. ಯಜಮಾನರಿಗೆ ಎಪ್ಪತ್ತು ದಾಟಿದೆ. ಅದೇ ಎಲೆಗೆ ಏಳೆಂಟು ಸಲ ನೀರು ಹುಯ್ದು, ಹೆಬ್ಬೆರಳ ಗಾತ್ರದ ಬಟ್ಟಲಿನಲ್ಲಿ ಕುಡಿಸುತ್ತಲೇ ಇದ್ದರು. ಎರಡು ಗಂಟೆ ವ್ಯಾಪಾರದ ಮಾತೇ ಇಲ್ಲ. ತಂದೆ ಏನು ಮಾಡುತ್ತಿದ್ದರು, ಅಂಗಡಿ ಸ್ವಂತದ್ದೋ ಬಾಡಿಗೆಯದೋ, ತಮ್ಮಂದಿರು ಜೊತೆಗಿದ್ದಾರೋ ಬೇರೆಯಾಗಿದ್ದಾರೋ ಎಂಬ ಪ್ರಶ್ನೆಗಳೇ. ಮಗಳು ಇಂಗ್ಲಿಷಿಗೆ ತಿರುಗಿಸಿ ಹೇಳುತ್ತಿದ್ದಳು.

ಹೊರಡುವ ಹೊತ್ತಿಗೆ, "ಮುಂದಿನ ಸಲದಿಂದ ಮಾಲು ತಲುಪಿ 60 ದಿನಕ್ಕೆ ಹಣ ಕಳಿಸಿದರೆ ಸಾಕು" ಎಂದರು. ಕರಾರು ಪತ್ರವಿಲ್ಲ, ಬ್ಯಾಂಕ್ ಗ್ಯಾರಂಟಿಯಿಲ್ಲ. ಅವರ ಹೆಂಡತಿ ಒಂದು ನೋಟ್‌ಬುಕ್ಕಿನಲ್ಲಿ ಏನೋ ಬರೆದುಕೊಂಡರು, ಅಷ್ಟೇ.

ಪಕ್ಕದ ಬೀದಿಯ ಅಂಗಡಿಯವನಿಗೆ 15 ದಿನ ಉದ್ದರಿ ಕೊಡಬೇಕಾದರೂ ನಾನು ಚೆಕ್ ಬರೆಸಿಕೊಳ್ಳುವವನು. ಈ ಹಿರಿಯರು ಸಮುದ್ರದಾಚೆಯ, ಭಾಷೆ ಬಾರದ ನನ್ನನ್ನು ಯಾವ ಧೈರ್ಯದ ಮೇಲೆ ನಂಬಿದರು? ಚೀನೀಯರ ಈ ಪದ್ಧತಿಗೆ 'ಗುವಾನ್‌ಶಿ' ಎಂಬ ಹೆಸರಿದೆ ಎಂದು ಕೇಳಿದ್ದೇನೆ. ಬಲ್ಲವರು ಬಿಡಿಸಿ ಹೇಳಿ.

ದಾವಣಗೆರೆ ಜವಳಿ

ಇದರಲ್ಲಿ ಬಿಡಿಸಿ ಹೇಳುವುದೇನಿದೆ? ವ್ಯಾಪಾರ ಅವರ ರಕ್ತದಲ್ಲೇ ಇದೆ. ಕನ್‌ಫ್ಯೂಷಿಯಸ್ ಹೇಳಿಕೊಟ್ಟ ಶಿಸ್ತು, ಹಿರಿಯರಿಗೆ ಗೌರವ, ದುಡಿಮೆ, ಉಳಿತಾಯ. ಇಂಡೋನೇಷ್ಯಾದಲ್ಲಿ ಅವರು ನೂರಕ್ಕೆ ಮೂರು ಜನವೂ ಇಲ್ಲ, ಆದರೆ ದೇಶದ ಸಂಪತ್ತಿನ ನೂರಕ್ಕೆ 70 ಅವರ ಕೈಯಲ್ಲಿದೆ. ಒಬ್ಬರನ್ನೊಬ್ಬರು ಎತ್ತುತ್ತಾರೆ. ನಮ್ಮವರು ಒಬ್ಬರ ಕಾಲನ್ನೊಬ್ಬರು ಎಳೆಯುತ್ತಾರೆ.

ಇತಿಹಾಸದ ಮೇಷ್ಟ್ರು

ಜವಳಿಯವರೇ, ಕನ್‌ಫ್ಯೂಷಿಯಸ್‌ನನ್ನು ಕರೆತರುವ ಮುನ್ನ ಒಂದು ಮಾತು. ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಜರ್ಮನ್ ಸಮಾಜಶಾಸ್ತ್ರಜ್ಞ ಮ್ಯಾಕ್ಸ್ ವೇಬರ್, ಚೀನಾದಲ್ಲಿ ಆಧುನಿಕ ಬಂಡವಾಳಶಾಹಿ ಹುಟ್ಟದಿರಲು ಕನ್‌ಫ್ಯೂಷಿಯಸ್ ಪರಂಪರೆಯೂ ಒಂದು ಕಾರಣ ಎಂದು ವಾದಿಸಿದ. 1980ರ ದಶಕದಲ್ಲಿ ತೈವಾನ್, ಹಾಂಕಾಂಗ್, ಸಿಂಗಪುರ ಮೇಲೆದ್ದಾಗ ಅದೇ ಪರಂಪರೆ ಏಳಿಗೆಗೆ ಕಾರಣವಾಯಿತು. 1997ರ ಜುಲೈನಲ್ಲಿ ಥೈಲೆಂಡಿನ ನಾಣ್ಯ ಬಾಟ್ ಕುಸಿದು ಸುತ್ತಲಿನ ದೇಶಗಳೆಲ್ಲ ಉರುಳಿದಾಗ, ಹಿಂದಿನ ವರ್ಷದವರೆಗೆ 'ನಂಬಿಕೆಯ ಜಾಲ' ಎಂದು ಹೊಗಳಿಸಿಕೊಂಡದ್ದೇ 'ಆಪ್ತರ ಬಂಡವಾಳಶಾಹಿ' ಎಂದು ಬೈಸಿಕೊಂಡಿತು. ಜ್ವರ ಬಂದರೂ ಬಿಟ್ಟರೂ ಅದೇ ಕಷಾಯ ಕಾರಣ ಎನ್ನುವ ಪಂಡಿತನನ್ನು ನಾನಂತೂ ನಂಬುವುದಿಲ್ಲ.

ಆ 70ರ ಲೆಕ್ಕವೂ ಹಾಗೆಯೇ. ಅದು ದೇಶದ ಸಂಪತ್ತಿನ ಲೆಕ್ಕವಲ್ಲ. ಷೇರು ಪೇಟೆಯಲ್ಲಿದ್ದ ಕಂಪನಿಗಳಲ್ಲಿ ಸರ್ಕಾರದ್ದನ್ನೂ ವಿದೇಶಿಯರದ್ದನ್ನೂ ಬಿಟ್ಟು ಉಳಿದವುಗಳ ಬೆಲೆಯಲ್ಲಿ ಯಾರ ಪಾಲೆಷ್ಟು ಎಂದು ತೆಗೆದ ಅಂದಾಜು. ಹೊಲ, ತೋಟ, ತೈಲ, ಸರ್ಕಾರಿ ಬ್ಯಾಂಕುಗಳು ಇದರಲ್ಲಿ ಸೇರಿಯೇ ಇಲ್ಲ. ಬಾಯಿಂದ ಬಾಯಿಗೆ ಹೋಗುವಾಗ 'ದೇಶದ ಸಂಪತ್ತು' ಆಯಿತು. ಅಂಥ ಮಾತು ಎಷ್ಟು ಅಂಗಡಿಗಳನ್ನು ಸುಟ್ಟಿದೆ ಎಂಬುದನ್ನು ಇಲ್ಲಿ ಯಾರಾದರೂ ಹೇಳಬಹುದು.

ಸೈಕಲ್ಲಿನವರ ಪ್ರಶ್ನೆಗೆ ನನ್ನ ಉತ್ತರ ರಕ್ತದಲ್ಲಿಲ್ಲ, ಅಂಚೆಯಲ್ಲಿದೆ. 'ಚಿಯಾವ್‌ಪಿ' ಎಂಬ ಪತ್ರಗಳಿವೆ. ಸಿಂಗಪುರದಲ್ಲೋ ಬ್ಯಾಂಕಾಕಿನಲ್ಲೋ ಮೂಟೆ ಹೊರುವವನು ದಕ್ಷಿಣ ಚೀನಾದ ತನ್ನ ಹಳ್ಳಿಗೆ ಹಣ ಕಳಿಸಬೇಕು. ಅವನಿಗೆ ಬರೆಯಲು ಬಾರದು. ಊರಿನ ಕಡೆಯವನೊಬ್ಬನ ಅಂಗಡಿಗೆ ಹೋಗುತ್ತಾನೆ. ಬರೆಯುವವನು ಅಮ್ಮನಿಗೆ ನಾಲ್ಕು ಸಾಲು ಗೀಚಿ, ಲಕೋಟೆಯ ಮೇಲೆ ಹಣದ ಮೊತ್ತ ನಮೂದಿಸುತ್ತಾನೆ. ಕೈಯಲ್ಲಿ ಕಾಸಿಲ್ಲದಿದ್ದರೆ ಅಂಗಡಿಯವನೇ ಹಾಕಿ ಕಳಿಸುವುದೂ ಇತ್ತು. ಆ ತುದಿಯಲ್ಲಿ ಹಣ ಹೊತ್ತು ನಡೆದುಬಂದ ಆಳು ಮನೆಯ ಬಾಗಿಲಲ್ಲಿ ಎಣಿಸಿ ಕೊಟ್ಟು, ಮುಟ್ಟಿತು ಎಂಬ ಮರುಪತ್ರ ಬರೆಸಿಕೊಂಡೇ ಏಳುತ್ತಿದ್ದ. ಆ ಮರುಪತ್ರ ಸಮುದ್ರ ದಾಟಿ ಮೂಟೆಯವನ ಕೈಗೆ ಬರಬೇಕು. ಬಾರದಿದ್ದರೆ? ಪೊಲೀಸರಿಲ್ಲ, ನ್ಯಾಯಾಲಯವಿಲ್ಲ. ಆದರೆ ಆ ಅಂಗಡಿಗೆ ಬರುವ ಗಿರಾಕಿಗಳೆಲ್ಲ ಒಂದೇ ತಾಲ್ಲೂಕಿನವರು. ವಾರದೊಳಗೆ ಸುದ್ದಿ ಹಬ್ಬಿ ಅಂಗಡಿ ಮುಚ್ಚಬೇಕು, ಊರಿನಲ್ಲಿ ಉಳಿದ ಅಣ್ಣತಮ್ಮಂದಿರು ತಲೆ ತಗ್ಗಿಸಬೇಕು. ಇದು ಒಳ್ಳೆಯತನವಲ್ಲ, ತಪ್ಪಿಸಿಕೊಂಡು ಹೋಗಲು ಜಾಗವಿಲ್ಲದಿರುವುದು. ಈ ಪತ್ರಗಳನ್ನು 2013ರಲ್ಲಿ ಯುನೆಸ್ಕೋ ತನ್ನ 'ವಿಶ್ವ ಸ್ಮೃತಿ' ಪಟ್ಟಿಗೆ ಸೇರಿಸಿಕೊಂಡಿದೆ.

ಸೈಕಲ್ಲಿನವ

ಮೇಷ್ಟ್ರೇ, ಆದರೆ ನಾನು ಅವರ ತಾಲ್ಲೂಕಿನವನಲ್ಲವಲ್ಲ!

ಸಿಂಗಪುರದಿಂದ

ಮೇಷ್ಟ್ರು 'ಒಂದೇ ತಾಲ್ಲೂಕು' ಎಂದದ್ದನ್ನು ಸ್ವಲ್ಪ ಹಿಗ್ಗಿಸುತ್ತೇನೆ. ಇಲ್ಲಿಗೆ ಬಂದು 19 ವರ್ಷವಾಯಿತು. ಬಂದ ಹೊಸದರಲ್ಲಿ ನನಗೂ ಎಲ್ಲರೂ 'ಚೀನೀಯರು'. ಕಟ್ಟಡದ ಕೆಳಗಿನ ಕಾಫಿ ಅಂಗಡಿಯ ಅಜ್ಜನೊಡನೆ ಸಲಿಗೆ ಬೆಳೆದ ಮೇಲೆ ಗೊತ್ತಾಯಿತು: ಅವರ ಕಾಲದಲ್ಲಿ 'ಚೀನೀ' ಎಂಬ ಗುರುತು ಹೆಚ್ಚು ಕೆಲಸಕ್ಕೆ ಬರುತ್ತಿರಲಿಲ್ಲ. ಯಾವ ಮಾತು ಆಡುತ್ತೀಯೆ ಎಂಬುದೇ ಲೆಕ್ಕ. ಹೊಕ್ಕಿಯನ್ ಮಾತಿನವರು ರಬ್ಬರ್, ಬ್ಯಾಂಕು, ಸಗಟು ವ್ಯಾಪಾರ. ತಿಯೊಚ್ಯೂ ಮಾತಿನವರು ಅಕ್ಕಿ, ಮೀನು, ಮೆಣಸು. ಹಕ್ಕಾ ಮಂದಿ ಗಿರವಿ ಅಂಗಡಿ ಮತ್ತು ಔಷಧಿ. ಕ್ಯಾಂಟನೀಸರು ಬಡಗಿ ಕೆಲಸ, ಚಿನ್ನ. ಹೆಂಗ್‌ಹ್ವಾ ಎಂಬ ಸಣ್ಣ ಗುಂಪಿನವರದು ಸೈಕಲ್ ಮತ್ತು ಸೈಕಲ್ ರಿಕ್ಷಾ (ಸೈಕಲ್ಲಿನವರೇ, ನಿಮ್ಮ ನೆಂಟರು!). ಹೈನಾನಿನವರು ತಡವಾಗಿ ಬಂದರು. ಅಷ್ಟರಲ್ಲಿ ಒಳ್ಳೆಯ ದಂಧೆಗಳೆಲ್ಲ ತುಂಬಿಹೋಗಿದ್ದವು. ಉಳಿದದ್ದು ಬಿಳಿಯರ ಮನೆಯ ಅಡುಗೆ ಮತ್ತು ಹಡಗಿನ ಚಾಕರಿ. ಅಲ್ಲಿ ಕಲಿತ ಕಾಫಿ, ಟೋಸ್ಟುಗಳನ್ನೇ ಬೀದಿಗೆ ತಂದು ಕಾಫಿ ಅಂಗಡಿ ಇಟ್ಟರು. ನಮ್ಮ ಅಜ್ಜ ಅವರಲ್ಲೊಬ್ಬರು. ಪಕ್ಕದ ಗುಂಪಿನವನಿಗೆ ಸಾಲ ಕೊಡುವುದಿರಲಿ, ಅವನ ಮಾತೇ ಇವರಿಗೆ ಅರ್ಥವಾಗುತ್ತಿರಲಿಲ್ಲ.

ಬ್ಯಾಂಕುಗಳೂ ಹೀಗೆಯೇ ಹುಟ್ಟಿದವು. ಈಗಿನ ಒಸಿಬಿಸಿ ಬ್ಯಾಂಕು 1932ರಲ್ಲಿ ಮೂರು ಹೊಕ್ಕಿಯನ್ ಬ್ಯಾಂಕುಗಳು ಕೂಡಿ ಆದದ್ದು. ಆರ್ಥಿಕ ಮಹಾಕುಸಿತದ ಏಟಿಗೆ ಒಂದೊಂದಾಗಿ ಮುಳುಗುವುದಕ್ಕಿಂತ ಕೂಡಿಕೊಳ್ಳುವುದು ಮೇಲು ಎಂದು ಕೂಡಿದರು. ಉಡುಪಿ, ಮಂಗಳೂರು ಕಡೆಯ ಹಳೆಯ ಬ್ಯಾಂಕುಗಳ ಕಥೆ ಬಲ್ಲವರಿಗೆ, ಬಂಧುಬಳಗದ ಠೇವಣಿಯಿಂದ ಬ್ಯಾಂಕು ಕಟ್ಟುವ ಈ ಬಗೆ ಹೊಸತೆನಿಸದು.

ನಂಟು ಎಲ್ಲವನ್ನೂ ಕಾಯುತ್ತದೆ ಎಂದೂ ತಿಳಿಯಬೇಡಿ. ರಬ್ಬರ್ ದೊರೆ ಎನಿಸಿಕೊಂಡಿದ್ದ ತಾನ್ ಕಾ ಕೀ 1921ರಲ್ಲಿ ಚೀನಾದ ಶಿಯಾಮೆನ್ ವಿಶ್ವವಿದ್ಯಾಲಯ ಕಟ್ಟಿಸಿದವರು, ಹೊಕ್ಕಿಯನ್ ಸಂಘದ ಮುಖ್ಯಸ್ಥರು. ಅವರಿಗಿಂತ ದೊಡ್ಡ ನಂಟು ಇನ್ನಾರಿಗಿತ್ತು? ರಬ್ಬರ್ ಬೆಲೆ ಬಿದ್ದಾಗ ಅವರ ಕಂಪನಿ 1934ರಲ್ಲಿ ಮುಚ್ಚಿತು. ಅಳಿಯ ಲೀ ಕಾಂಗ್ ಚಿಯನ್ ಬೇರೆಯೇ ಕಂಪನಿ ಕಟ್ಟಿ ಉಳಿದುಕೊಂಡರು.

ಇಲ್ಲಿನ ಆರ್ಚರ್ಡ್ ರಸ್ತೆಯಲ್ಲಿ 'ನ್ಗೀ ಆನ್ ಸಿಟಿ' ಎಂಬ ಭಾರಿ ಮಾಲ್ ಇದೆ. ಜಾಗ ತಿಯೊಚ್ಯೂ ಸಮುದಾಯದ 'ನ್ಗೀ ಆನ್ ಕೊಂಗ್ಸಿ' ಎಂಬ ಸಂಘದ್ದು. 1845ರಲ್ಲಿ ಹುಟ್ಟಿದ ಸಂಘ. ಮಾಲ್ ನಿಂತಿರುವುದು ಅವರ ಹಳೆಯ ಸ್ಮಶಾನದ ಮೇಲೆ. ದೂರದೇಶದಲ್ಲಿ ಸತ್ತವನನ್ನು ಮಣ್ಣು ಮಾಡಲು ಆರು ಅಡಿ ಜಾಗ ಬೇಕೆಂದು ಕೂಡಿದ ಜನ, ಇವತ್ತು ಆ ಜಾಗದ ಬಾಡಿಗೆಯಿಂದ ವಿದ್ಯಾರ್ಥಿವೇತನ ಹಂಚುತ್ತಾರೆ.

ದಾವಣಗೆರೆ ಜವಳಿ

ಸ್ಮಶಾನದ ಮೇಲೆ ಸೀರೆ ಅಂಗಡಿಯೇ! ನಮ್ಮೂರಿನಲ್ಲಾದರೆ ಒಬ್ಬ ಗಿರಾಕಿಯೂ ಒಳಗೆ ಕಾಲಿಡುವುದಿಲ್ಲ.

ಶಿರಸಿ ಕಾಳುಮೆಣಸು

ಮೆಣಸು ಎಂದಿರಿ, ಹಾಗಾಗಿ ಮಾತಾಡುತ್ತೇನೆ. ಬಳ್ಳಿ ಬೆಳೆಸುವವನಿಗೆ ಬೇರೆಯವರು ಹೇಗೆ ಬೆಳೆಸುತ್ತಾರೆ ಎಂಬ ಕುತೂಹಲ ಇದ್ದೇ ಇರುತ್ತದೆ. ಹತ್ತೊಂಬತ್ತನೆಯ ಶತಮಾನದಲ್ಲಿ ಸಿಂಗಪುರದ ಪಕ್ಕದ ಜೊಹೋರಿನ ಕಾಡುಗಳಲ್ಲಿ ತಿಯೊಚ್ಯೂ ಕೂಲಿಗಳು ಮೆಣಸನ್ನೂ ಗ್ಯಾಂಬಿಯರ್ ಎಂಬ ಗಿಡವನ್ನೂ ಒಟ್ಟಿಗೆ ಬೆಳೆಯುತ್ತಿದ್ದರು. ಗ್ಯಾಂಬಿಯರ್ ಎಲೆಯನ್ನು ದೊಡ್ಡ ಬಾಣಲೆಯಲ್ಲಿ ಕುದಿಸಿ ರಸ ಗಟ್ಟಿ ಮಾಡುತ್ತಾರೆ. ಅದು ತೊಗಲು ಹದ ಮಾಡುವುದಕ್ಕೆ. ಕುದಿಸಿ ಉಳಿದ ಎಲೆ ಮೆಣಸಿನ ಬುಡಕ್ಕೆ ಗೊಬ್ಬರ. ಜಾಣತನವೇ. ಆದರೆ ಕುದಿಸಲು ಕಟ್ಟಿಗೆ ಬೇಕು. ಸುತ್ತಲಿನ ಕಾಡು ಮುಗಿಯುವುದರೊಳಗೆ ಮಣ್ಣಿನ ಸಾರವೂ ಮುಗಿದಿರುತ್ತದೆ. ಹದಿನೈದು ಇಪ್ಪತ್ತು ವರ್ಷಕ್ಕೆ ತೋಟ ಬಿಟ್ಟು ಮುಂದಿನ ಹೊಳೆಗೆ ಹೋಗಬೇಕು.

ಆ ಹೊಳೆಯ ಕಣಿವೆಗೊಬ್ಬ ಯಜಮಾನ, 'ಕಾಂಗ್‌ಚು'. ಸುಲ್ತಾನನಿಂದ ಬರೆಸಿಕೊಂಡ ಪತ್ರ ಅವನ ಕೈಯಲ್ಲಿ. ಅವನ ಹಿಂದೆ ಸಿಂಗಪುರದ ಸಾಹುಕಾರ. ಸಾಹುಕಾರ ಅಕ್ಕಿ, ಉಪ್ಪುಮೀನು, ಅಫೀಮು ಮುಂಗಡವಾಗಿ ಕಳಿಸುತ್ತಾನೆ, ಅದೂ ಪೇಟೆಗಿಂತ ಹೆಚ್ಚಿನ ಬೆಲೆಗೆ. ಬೆಳೆ ಬಂದಾಗ ಮೆಣಸನ್ನು ಪೇಟೆಗಿಂತ ಕಡಿಮೆ ಬೆಲೆಗೆ ಅವನಿಗೇ ತೂಗಬೇಕು. ಕೂಲಿಯವನಿಗೂ ಸಾಹುಕಾರನಿಗೂ ಒಂದೇ ಭಾಷೆ, ಒಂದೇ ಊರು, ಒಂದೇ ದೇವರು. ಇದೂ 'ನಂಬಿಕೆಯ ಜಾಲ'ವೇ ಅಲ್ಲವೇ? ಜಾಲ ಎಂಬ ಮಾತಿಗೆ ಕನ್ನಡದಲ್ಲಿ ಎರಡು ಅರ್ಥ ಇರುವುದು ಸುಮ್ಮನೆ ಅಲ್ಲ. ಕಾಂಗ್‌ಚು ಪದ್ಧತಿಯನ್ನು ರದ್ದು ಮಾಡಿದ್ದು 1917ರಲ್ಲಿ.

ನಮ್ಮ ಕಡೆ ಇದಕ್ಕೆ ಬೇರೆ ಹೆಸರು ಬೇಕಿಲ್ಲ. ಕೊಯ್ಲಿಗೆ ಮೊದಲೇ ಮುಂಗಡ ಕೊಟ್ಟು ಬೆಲೆ ಕಟ್ಟಿಬಿಡುವ ದಲಾಲರನ್ನು ನನ್ನ ಅಜ್ಜ ಕಂಡಿದ್ದ. 1923ರಲ್ಲಿ ಶಿರಸಿಯಲ್ಲಿ ತೋಟಗಾರರು ತಮ್ಮದೇ ಸಹಕಾರಿ ಮಾರಾಟ ಸಂಘ ಮಾಡಿಕೊಂಡರು. 'ನಮ್ಮವನೇ ಸಾಲ ಕೊಟ್ಟ' ಎಂಬಲ್ಲಿಗೆ ಕಥೆ ಸುಖಾಂತವಾಗುವುದಿಲ್ಲ, ಜವಳಿಯವರೇ.

ನಿರ್ವಾಹಕರು

ವಿಷಯ ಚೆನ್ನಾಗಿ ಬೆಳೆಯುತ್ತಿದೆ. ಇದರ ನಡುವೆ ಬಂದ, ಗಡಿ ವಿವಾದ ಮತ್ತು ಮೊಬೈಲ್ ಆ್ಯಪ್ ನಿಷೇಧದ ಕುರಿತ ಎರಡು ಪ್ರತಿಕ್ರಿಯೆಗಳನ್ನು ಬೇರೆ ಚರ್ಚೆಗೆ ಸಾಗಿಸಿದ್ದೇನೆ.

ಜಕಾರ್ತಾದಲ್ಲಿದ್ದವಳು

ಮೇಷ್ಟ್ರು ಸುಟ್ಟ ಅಂಗಡಿಗಳ ಮಾತೆತ್ತಿದರು. ನಾನು ಅಲ್ಲಿ ಒಂದು ಜವಳಿ ಕಾರ್ಖಾನೆಯಲ್ಲಿ ಆರು ವರ್ಷ ಇದ್ದೆ. 1998ರ ಮೇ ಗಲಭೆ ಮುಗಿದು ಕೆಲವು ವರ್ಷಗಳೇ ಆಗಿದ್ದವು. ಗ್ಲೊಡೊಕ್ ಎಂಬ ಚೀನೀ ಪೇಟೆಯಲ್ಲಿ ಕಟ್ಟಡಗಳು ಕೆಲವು ಕಡೆ ಇನ್ನೂ ಕರ್ರಗೆ ನಿಂತಿದ್ದವು. ಆ ದಿನಗಳಲ್ಲಿ ಜನ ಅಂಗಡಿಯ ಷಟರಿನ ಮೇಲೆ 'ಮಿಲಿಕ್ ಪ್ರಿಬುಮಿ', ಎಂದರೆ 'ನೆಲದ ಮಕ್ಕಳ ಸ್ವತ್ತು', ಎಂದು ಬಣ್ಣದಲ್ಲಿ ಬರೆದುಕೊಂಡಿದ್ದರು. ಬರೆದದ್ದು ಅಂಗಡಿ ಉಳಿಯಲಿ ಎಂದು.

ಅಲ್ಲಿನ ಅತಿ ದೊಡ್ಡ ಹೆಸರು ಲಿಮ್ ಸ್ಯೂ ಲಿಯೊಂಗ್. ಚೀನಾದ ಫುಚಿಂಗಿನಿಂದ 1938ರಲ್ಲಿ ಜಾವಾದ ಕುದುಸ್ ಎಂಬ ಊರಿಗೆ ಬಂದವನು. ಕುದುಸ್ ಎಂದರೆ ಲವಂಗ ಬೆರೆಸಿದ ಸಿಗರೇಟು. ಹಾಗಾಗಿ ಲವಂಗದ ವ್ಯಾಪಾರ. ಮುಂದೆ ಸೈನ್ಯಕ್ಕೆ ಸಾಮಾನು ಪೂರೈಕೆ, ಆ ದಾರಿಯಲ್ಲಿ ಸುಹಾರ್ತೋ ಎಂಬ ಸೇನಾಧಿಕಾರಿಯ ಪರಿಚಯ. ಆ ಅಧಿಕಾರಿ ಅಧ್ಯಕ್ಷನಾದ ಮೇಲೆ ಲವಂಗ ಆಮದಿನ ಪರವಾನಗಿ ಸಿಕ್ಕಿದ್ದು ಎರಡೇ ಸಂಸ್ಥೆಗಳಿಗೆ. ಒಂದು ಲಿಮ್‌ನದು, ಇನ್ನೊಂದು ಸುಹಾರ್ತೋ ಅವರ ಮಲಸಹೋದರನದು. ಆಮೇಲೆ ಗೋಧಿ ಹಿಟ್ಟಿನ ಗಿರಣಿ: ಗೋಧಿ ಕೊಡುವುದೂ ಸರ್ಕಾರ, ಹಿಟ್ಟು ಕೊಳ್ಳುವುದೂ ಸರ್ಕಾರ. ಆ ಹಿಟ್ಟಿನಿಂದ ನೂಡಲ್ಸ್. ಇಂಡೋಮಿ ತಿನ್ನದ ಇಂಡೋನೇಷ್ಯಾದವರನ್ನು ನಾನು ಕಂಡಿಲ್ಲ.

ಈ ಕಥೆಯಲ್ಲಿ ಕನ್‌ಫ್ಯೂಷಿಯಸ್ ಎಲ್ಲಿದ್ದಾನೆ? ಇಲ್ಲಿ ಇರುವುದು ಜನರಲ್ ಸಾಹೇಬರು. ಅವರಿಗೂ ಇದು ಅನುಕೂಲವೇ. ಚೀನೀ ವ್ಯಾಪಾರಿ ಎಷ್ಟು ಶ್ರೀಮಂತನಾದರೂ ಚುನಾವಣೆಗೆ ನಿಂತು ಕುರ್ಚಿ ಕೇಳಲಾರ. ಅದೇ ಸರ್ಕಾರ ಅವರ ಶಾಲೆಗಳನ್ನು ಮುಚ್ಚಿಸಿತ್ತು, ಬೋರ್ಡಿನ ಮೇಲೆ ಚೀನೀ ಅಕ್ಷರ ಬರೆಯುವುದನ್ನು ನಿಷೇಧಿಸಿತ್ತು, ಇಂಡೋನೇಷ್ಯಾದ ಹೆಸರಿಟ್ಟುಕೊಳ್ಳುವಂತೆ ಒತ್ತಾಯ ಹೇರಿತ್ತು. ಲಿಮ್ ಕೂಡ ಸುದೋನೋ ಸಲೀಂ ಆದ. 1998ರ ಮೇ ತಿಂಗಳಲ್ಲಿ ಅವನ ಮನೆಗೆ ಬೆಂಕಿ ಬಿತ್ತು. ಅವನ ಬ್ಯಾಂಕಿನ ಮುಂದೆ ಹಣ ತೆಗೆಯುವವರ ಸಾಲು ನಿಂತು, ತಿಂಗಳ ಕೊನೆಗೆ ಬ್ಯಾಂಕು ಸರ್ಕಾರದ ವಶವಾಯಿತು. ಸಾಲಕ್ಕೆ ಬದಲಾಗಿ ನೂರಕ್ಕೂ ಹೆಚ್ಚು ಕಂಪನಿಗಳ ಪಾಲನ್ನು ಒಪ್ಪಿಸಬೇಕಾಯಿತು. ಕೊನೆಗಾಲ ಸಿಂಗಪುರದಲ್ಲಿ.

ನನ್ನ ಕಾರ್ಖಾನೆಯಲ್ಲಿ ಲೆಕ್ಕ ಬರೆಯುತ್ತಿದ್ದವಳು ಚೀನೀ ಮೂಲದ ಹುಡುಗಿ. ಅವರ ತಂದೆಯದು ಬೀದಿ ಬದಿಯ ಗಡಿಯಾರ ರಿಪೇರಿ ಡಬ್ಬಿ. ಗಲಭೆಯಲ್ಲಿ ಅದೂ ಹೋಯಿತು. ಅವರಿಗೆ ಯಾವ ಜನರಲ್ ಗೊತ್ತಿದ್ದ?

ಇತಿಹಾಸದ ಮೇಷ್ಟ್ರು

ಮೇಡಂ ಹೇಳಿದ್ದು ಥೈಲೆಂಡಿಗೂ ಸಲ್ಲುತ್ತದೆ. 1944ರಲ್ಲಿ ಆರಂಭವಾದ ಬ್ಯಾಂಕಾಕ್ ಬ್ಯಾಂಕನ್ನು ಬೆಳೆಸಿದ ಚಿನ್ ಸೋಫೊನ್‌ಪನಿಚ್, ಗಡಿಯಾಚೆಯ ಚೀನೀ ವ್ಯಾಪಾರಿಗಳಿಗೆ ಅಡಮಾನಕ್ಕಿಂತ ಹೆಚ್ಚಾಗಿ ಮನುಷ್ಯನನ್ನು ನೋಡಿ ಸಾಲ ಕೊಡುತ್ತಿದ್ದನೆಂದು ಹೆಸರಾದವನು. ಅದೇ ಬ್ಯಾಂಕಿನ ಅಧ್ಯಕ್ಷ ಸ್ಥಾನದಲ್ಲಿ ಒಬ್ಬ ಜನರಲ್ ಕುಳಿತಿದ್ದ. 1958ರಲ್ಲಿ ಸೇನೆಯ ಇನ್ನೊಂದು ಬಣ ಗಟ್ಟಿಯಾದಾಗ ಚಿನ್ ಹಾಂಕಾಂಗಿಗೆ ಹೋಗಿ ಐದು ವರ್ಷ ಅಲ್ಲೇ ಉಳಿಯಬೇಕಾಯಿತು. ಆದರೆ ಹಾಂಕಾಂಗಿನಲ್ಲಿ ಬ್ಯಾಂಕಿನ ಶಾಖೆ ಮೊದಲೇ ಇತ್ತು ನೋಡಿ. ಬೇರೆ ಬೇರೆ ದೇಶಗಳಲ್ಲಿ ಒಂದೊಂದು ಕಾಲು ಇಟ್ಟಿರುವುದನ್ನು ಹೊರಗಿನವರು 'ಜಾಗತಿಕ ದೃಷ್ಟಿ' ಎನ್ನುತ್ತಾರೆ. ಒಳಗಿನವರಿಗೆ ಅದು ರಾತ್ರೋರಾತ್ರಿ ಹೊರಡಬೇಕಾದರೆ ಇರಲಿ ಎಂದು ಕಟ್ಟಿಟ್ಟ ಗಂಟು.

ಲೆಕ್ಕಪತ್ರ

ಸನ್ನದು ಲೆಕ್ಕಪರಿಶೋಧಕಿ ನಾನು. ತೈವಾನಿನ ಒಂದು ಕಂಪನಿಯ ಇಲ್ಲಿನ ಶಾಖೆಯ ಲೆಕ್ಕ ನೋಡುತ್ತೇನೆ, ಸ್ವಲ್ಪ ಮ್ಯಾಂಡರಿನ್ ಕಲಿತಿದ್ದೇನೆ. ಇಲ್ಲಿ ಎಲ್ಲರೂ 'ಗುವಾನ್‌ಶಿ'ಯ ಹಿಂದೆ ಬಿದ್ದಿದ್ದೀರಿ. ಸೈಕಲ್ಲಿನವರಿಗೆ ಸಿಕ್ಕಿದ್ದು ಅದಲ್ಲ.

ಗುವಾನ್‌ಶಿ ಎಂದರೆ ಬಳಕೆ, ನಂಟು. ನಮ್ಮ 'ವಶೀಲಿ'ಯಷ್ಟು ಕೆಟ್ಟದ್ದಲ್ಲ, ಪೂರ್ತಿ ಮುಗ್ಧವೂ ಅಲ್ಲ. ಅದರೊಳಗಿನ ಕೊಡುಕೊಳ್ಳುವಿಕೆಯ ಋಣಕ್ಕೆ 'ರೆನ್‌ಚಿಂಗ್' ಎನ್ನುತ್ತಾರೆ. ಕನ್ನಡದಲ್ಲಿ ಅದಕ್ಕೆ ಅಚ್ಚುಕಟ್ಟಾದ ಮಾತಿದೆ: ಮುಯ್ಯಿ. ತೈವಾನಿನ ಮದುವೆಗಳಲ್ಲಿ ಬಾಗಿಲಲ್ಲೇ ಮೇಜು ಹಾಕಿ, ಯಾರ ಕೆಂಪು ಲಕೋಟೆಯಲ್ಲಿ ಎಷ್ಟು ಬಂತು ಎಂದು ಪುಸ್ತಕದಲ್ಲಿ ಬರೆದುಕೊಳ್ಳುತ್ತಾರೆ. ನಮ್ಮ ಮುಯ್ಯಿ ಪುಸ್ತಕವೇ.

ಅವರಿಗೆ ಸಿಕ್ಕಿದ್ದು 'ಶಿನ್‌ಯೊಂಗ್'. ಅದಕ್ಕೂ ನಮ್ಮಲ್ಲಿ ಹಳೆಯ ಮಾತಿದೆ: ಪತ್ತು. ಚೀನೀ ಭಾಷೆಯಲ್ಲಿ ಕ್ರೆಡಿಟ್ ಸೊಸೈಟಿಗೆ 'ಶಿನ್‌ಯೊಂಗ್ ಹೆಜುವೊಶೆ' ಎನ್ನುತ್ತಾರೆ, ಪದಕ್ಕೆ ಪದ ನಮ್ಮ 'ಪತ್ತಿನ ಸಹಕಾರ ಸಂಘ'. ನಂಟು ಹುಟ್ಟಿನಿಂದ ಬರಬಹುದು, ಪತ್ತು ಹಾಗೆ ಬರುವುದಿಲ್ಲ. ಮೂರು ವರ್ಷ ಕೊಟ್ಟ ಮಾತಿನಂತೆ ಹಣ ಕಟ್ಟಿದ್ದೀರಲ್ಲ, ಆ ನೋಟ್‌ಬುಕ್ಕಿನಲ್ಲಿ ಇರುವುದು ಅದು.

ನೋಟ್‌ಬುಕ್ಕು ಹೆಂಡತಿಯ ಕೈಯಲ್ಲಿತ್ತು ಎಂದಿರಿ. ಅಲ್ಲಿನ ಸಣ್ಣ ಕಾರ್ಖಾನೆಗಳಲ್ಲಿ ಯಜಮಾನನ ಹೆಂಡತಿಗೆ 'ಲಾವ್‌ಬಾನ್‌ನ್ಯಾಂಗ್' ಎನ್ನುತ್ತಾರೆ. ಹಣದ ಕೈ ಅವಳದು. 1972ರಲ್ಲಿ ಅಲ್ಲಿನ ಸರ್ಕಾರ 'ನಡುಮನೆಯೇ ಕಾರ್ಖಾನೆ' ಎಂಬ ಯೋಜನೆ ತಂದಿತ್ತು. ಮನೆಮನೆಯಲ್ಲಿ ಹೆಂಗಸರು, ಮಕ್ಕಳು ಕುಳಿತು ರಫ್ತಿನ ಗೊಂಬೆ, ಛತ್ರಿ ಜೋಡಿಸುತ್ತಿದ್ದರು. ಬಂಡವಾಳಕ್ಕೆ ಬ್ಯಾಂಕು ಹತ್ತಿರ ಸೇರಿಸದು. ಆಗ 'ಹುಯಿ', ಅಂದರೆ ನಮ್ಮ ಹರಾಜು ಚೀಟಿ. ನಡೆಸುವವರಿಗೆ ಮೊದಲ ಚೀಟಿ, ಆಮೇಲೆ ತಿಂಗಳಿಗೊಂದು ಕೂಗು. ಚೀಟಿ ಎತ್ತಿದವರನ್ನು 'ಸತ್ತ ಹುಯಿ' ಎನ್ನುತ್ತಾರೆ, ಎತ್ತದವರು 'ಜೀವಂತ ಹುಯಿ'. ಸತ್ತವರು ಓಡಿಹೋದರೆ ಜೀವಂತ ಇದ್ದವರು ನಿಜವಾಗಿ ಸತ್ತಂತೆ. ಹೀಗೆ ಮುಳುಗಿದ ಚೀಟಿಗಳು ಅಲ್ಲೂ ಕಡಿಮೆಯಿಲ್ಲ. 1999ರಲ್ಲಿ ಅವರು ಹುಯಿಯನ್ನು ತಮ್ಮ ನಾಗರಿಕ ಸಂಹಿತೆಯೊಳಗೇ ಸೇರಿಸಿ ನಿಯಮ ಬರೆದರು. ಮಲೇಷ್ಯಾ 1971ರಲ್ಲೇ ಚೀಟಿಯನ್ನು ವ್ಯಾಪಾರವಾಗಿ ನಡೆಸುವುದನ್ನು ನಿಷೇಧಿಸಿತ್ತು. ಆ ಕಾಯ್ದೆಯ ಹೆಸರಿನಲ್ಲಿರುವ 'ಕೂಟು' ಎಂಬ ಪದ ದಕ್ಷಿಣ ಭಾರತದಿಂದ ಹೋದದ್ದು.

ಇನ್ನು ಚೆಕ್ಕು. ತೈವಾನಿನಲ್ಲಿ ಮುಂದಿನ ದಿನಾಂಕದ ಚೆಕ್ಕು ನೋಟಿನ ಹಾಗೆ ಕೈಯಿಂದ ಕೈಗೆ ಓಡಾಡುತ್ತಿತ್ತು. ಮೂರು ತಿಂಗಳ ನಂತರದ ಚೆಕ್ಕನ್ನು ಬೆನ್ನಿಗೆ ಸಹಿ ಹಾಕಿ ಕಬ್ಬಿಣದವನಿಗೆ ಕೊಟ್ಟರೆ, ಅವನು ಇನ್ನೊಬ್ಬನಿಗೆ. ಚೆಕ್ಕು ಮರಳಿದರೆ ಜೈಲು. ಅದಕ್ಕೇ ಎಷ್ಟೋ ಗಂಡಸರು ಖಾತೆಯನ್ನು ಹೆಂಡತಿಯ ಹೆಸರಿನಲ್ಲಿ ತೆರೆದಿದ್ದರು. ದಂಧೆ ಮುಳುಗಿದಾಗ ಜೈಲಿಗೆ ಹೋದವರು ಹೆಂಗಸರು, ಕೆಲವರು ಕಂಕುಳಲ್ಲಿ ಕೂಸನ್ನು ಇಟ್ಟುಕೊಂಡು. 1987ರ ಜನವರಿಯಿಂದ ಆ ಶಿಕ್ಷೆಯನ್ನು ತೆಗೆದುಹಾಕಿದರು. ನಮ್ಮಲ್ಲಿ ಚೆಕ್ಕು ಮರಳುವುದನ್ನು ಅಪರಾಧವಾಗಿಸಿದ 138ನೇ ಕಲಂ ಜಾರಿಗೆ ಬಂದದ್ದು 1989ರ ಏಪ್ರಿಲ್ 1ಕ್ಕೆ. ಅವರು ಬಿಟ್ಟು ಎರಡು ವರ್ಷಕ್ಕೆ ನಾವು ಹಿಡಿದುಕೊಂಡೆವು.

ಆದ್ದರಿಂದ 'ಅವರು ಬಾಯಿಮಾತಿನ ಮೇಲೆ ನಡೆಯುವವರು' ಎಂಬ ಮಾತನ್ನು ನಾನು ಅರ್ಧ ಮಾತ್ರ ಒಪ್ಪುತ್ತೇನೆ. ಬಾಯಿಮಾತಿನ ಬೆನ್ನಿಗೆ ಜೈಲಿನ ಬಾಗಿಲೂ ಇತ್ತು.

ಸೈಕಲ್ಲಿನವ

ಮೇಡಂ, ಮೈ ಜುಮ್ಮೆಂದಿತು. ಆ ತಾಯಿ ಒಮ್ಮೆಯೂ ನಗದೆ ಲೆಕ್ಕ ಬರೆಯುತ್ತಿದ್ದುದು ಏಕೆಂದು ಈಗ ಯೋಚಿಸುತ್ತಿದ್ದೇನೆ.

ನನಗೆ ಗೊತ್ತಿರುವ 'ಜಾಲ' ಒಂದನ್ನು ನಾನೂ ಹೇಳುತ್ತೇನೆ. ಜೈಂಟ್ ಮತ್ತು ಮೆರಿಡಾ ತೈವಾನಿನ ಎರಡು ದೊಡ್ಡ ಸೈಕಲ್ ಕಂಪನಿಗಳು, ಎರಡೂ 1972ರಲ್ಲಿ ಹುಟ್ಟಿದವು, ಕಟ್ಟಾ ಪ್ರತಿಸ್ಪರ್ಧಿಗಳು. ಜೈಂಟ್ ಮೊದಲು ಅಮೆರಿಕದ ಶ್ವಿನ್ ಕಂಪನಿಗೆ ಸೈಕಲ್ ಮಾಡಿಕೊಡುತ್ತಿತ್ತು. ಶ್ವಿನ್ ತನ್ನ ಕಾರ್ಖಾನೆಯ ಮುಷ್ಕರದ ನಂತರ ಇವರ ಮೇಲೇ ಆತುಕೊಂಡಿತು, ಆಮೇಲೆ ಇನ್ನೂ ಅಗ್ಗವೆಂದು ಚೀನಾದ ಕಡೆ ತಿರುಗಿತು. ಹೊಟ್ಟೆಗೆ ಏಟು ಬಿದ್ದ ಜೈಂಟ್ ತನ್ನದೇ ಹೆಸರಿನಲ್ಲಿ ಹೊರದೇಶಗಳಲ್ಲಿ ಮಾರತೊಡಗಿತು. 1992ರಲ್ಲಿ ದಿವಾಳಿಯೆದ್ದದ್ದು ಶ್ವಿನ್. ಮುಂದೆ ಅಗ್ಗದ ಆರ್ಡರುಗಳೆಲ್ಲ ತೈವಾನಿನಿಂದಲೇ ಚೀನಾಕ್ಕೆ ಹೋಗತೊಡಗಿದಾಗ ಜೈಂಟ್, ಮೆರಿಡಾ ಕೂಡಿ 2003ರಲ್ಲಿ 'ಎ-ಟೀಮ್' ಎಂಬ ಕೂಟ ಕಟ್ಟಿದವು. ಬಿಡಿಭಾಗ ಮಾಡುವವರನ್ನೆಲ್ಲ ಸೇರಿಸಿಕೊಂಡರು. ಎದುರಾಳಿಯ ಕಾರ್ಖಾನೆಯೊಳಗೆ ಹೋಗಿ, ಮಾಲು ಎಲ್ಲಿ ಸುಮ್ಮನೆ ಬಿದ್ದಿದೆ, ಎಲ್ಲಿ ಹೊತ್ತು ಹಾಳಾಗುತ್ತಿದೆ ಎಂದು ಒಬ್ಬರಿಗೊಬ್ಬರು ತೋರಿಸಿಕೊಟ್ಟರು. ಟೊಯೋಟಾ ಪದ್ಧತಿಯ ಪಾಠ. ಎದುರು ಅಂಗಡಿಯವನು ನನ್ನ ಗೋದಾಮಿಗೆ ಬಂದು ನೋಡುವುದನ್ನು ನಾನು ಕನಸಿನಲ್ಲೂ ಒಪ್ಪಲಾರೆ.

ಇನ್ನೊಂದು. ನಾನು ಟೀ ಕುಡಿಯುತ್ತ 'ನೀವು ಚೀನೀಯರು' ಎಂದೆ. ಮಗಳು "ನಾವು ತೈವಾನಿನವರು" ಎಂದು ಮೆಲ್ಲಗೆ ತಿದ್ದಿದಳು. ಈ ಚರ್ಚೆಯ ಶೀರ್ಷಿಕೆಯನ್ನೂ ಆಕೆ ಒಪ್ಪಲಿಕ್ಕಿಲ್ಲ.

ಯಿವು ಪಯಣಿಗ

ಖಾಸಾ ಚೀನಾದ ಮಾತೇ ಬರಲಿಲ್ಲವಲ್ಲ. ಆಟಿಕೆ ಮಾಲಿಗೆಂದು ವರ್ಷಕ್ಕೆರಡು ಸಲ ಯಿವುಗೆ ಹೋಗುತ್ತೇನೆ. ಅಲ್ಲಿನವರ ಮೂಲ ಕಸುಬು ಹಳ್ಳಿ ಹಳ್ಳಿ ಸುತ್ತಿ ಸಕ್ಕರೆ ಮಿಠಾಯಿ ಕೊಟ್ಟು ಕೋಳಿಪುಕ್ಕ ಪಡೆಯುವುದು. ಪುಕ್ಕ ಗೊಬ್ಬರಕ್ಕೆ, ಪೊರಕೆಗೆ. 1982ರಲ್ಲಿ ಸ್ಥಳೀಯ ಆಡಳಿತ ಪೇಟೆಗೆ ಅನುಮತಿ ಕೊಟ್ಟಿತು. ಇವತ್ತು ಅದರೊಳಗೆ ನಡೆದು ನಡೆದು ಕಾಲು ಊದಿಕೊಳ್ಳುತ್ತದೆ. ಅಲ್ಲಿ ನನಗೆ ಯಾರೂ 60 ದಿನ ಕೊಟ್ಟಿಲ್ಲ, ಟೀಯನ್ನೂ ಕೊಟ್ಟಿಲ್ಲ. ಶೇಕಡಾ 30 ಮುಂಗಡ, ಉಳಿದದ್ದು ಕಂಟೇನರ್ ತುಂಬುವ ಮುನ್ನ.

ಅದೇ ಪ್ರಾಂತದ ವೆನ್‌ಝೌ ಊರಿನವರು ತಮ್ಮತಮ್ಮಲ್ಲೇ ಬಡ್ಡಿಗೆ ತಿರುಗಿಸುವುದರಲ್ಲಿ ಪ್ರಸಿದ್ಧರು. 2011ರಲ್ಲಿ ಬ್ಯಾಂಕ್ ಸಾಲ ಬಿಗಿಯಾದಾಗ ಮಾಲೀಕರು ಕಾರ್ಖಾನೆ ಬಿಟ್ಟು ಓಡಿಹೋದರು, ಪ್ರಧಾನಿಯೇ ಬಂದು ನೋಡುವಂತಾಯಿತು. ನಂಬಿಕೊಂಡಿದ್ದವರು ನೆಂಟರೇ.

ದಾವಣಗೆರೆ ಜವಳಿ

ಎಲ್ಲರೂ ಸೇರಿ ನನ್ನನ್ನು ಒಗೆದು ಹಿಂಡಿದ್ದೀರಿ, ಸಂತೋಷ. ಒಂದು ಮಾತನ್ನು ಮಾತ್ರ ಬಿಡಲಾರೆ. ಕುಟುಂಬ ಒಟ್ಟಿಗಿದ್ದರೆ ಅದೇ ಬಂಡವಾಳ. ನಮ್ಮ ತಂದೆಯ ಅಂಗಡಿ ನಾವು ಮೂವರು ಅಣ್ಣತಮ್ಮಂದಿರಲ್ಲಿ ಪಾಲಾಗಿ ಮೂರು ಅಂಗಡಿಯಾಯಿತು. ಮೂರೂ ಸೇರಿದರೆ ಹಳೆಯದರ ಅರ್ಧ ವ್ಯಾಪಾರವಿಲ್ಲ. ಅದಕ್ಕೇ ಅವರನ್ನು ನೋಡಿ ಹೊಟ್ಟೆ ಉರಿಯುತ್ತದೆ.

ಸಿಂಗಪುರದಿಂದ

ಜವಳಿಯವರೇ, ಹೊಟ್ಟೆ ತಣ್ಣಗಾಗಲಿ. ಅವರದೂ ಅದೇ ಕಥೆ. ಚೀನೀ ಪದ್ಧತಿಯಲ್ಲಿ ಆಸ್ತಿ ಗಂಡುಮಕ್ಕಳಿಗೆಲ್ಲ ಸಮಪಾಲು. ಜಪಾನಿನಲ್ಲಿ ಒಬ್ಬನಿಗೇ ಮನೆತನದ ಉದ್ಯೋಗ ಹೋಗುತ್ತಿತ್ತು, ಯೋಗ್ಯ ಮಗನಿಲ್ಲದಿದ್ದರೆ ಅಳಿಯನನ್ನು ದತ್ತು ಮಾಡಿಕೊಳ್ಳುತ್ತಿದ್ದರು. ಚೀನೀ ಅಂಗಡಿ ಪ್ರತಿ ತಲೆಮಾರಿಗೂ ಒಡೆಯುತ್ತದೆ. 'ಸಿರಿ ಮೂರು ತಲೆಮಾರು ದಾಟದು' ಎಂಬ ಗಾದೆ ಅವರದೇ. ಇಲ್ಲಿನ ಯೊ ಹಿಯಾಪ್ ಸೆಂಗ್ ಎಂಬ ಹಳೆಯ ಸೋಯಾ ಸಾಸ್ ಕಂಪನಿಯಲ್ಲಿ 1990ರ ದಶಕದಲ್ಲಿ ದಾಯಾದಿ ಜಗಳವೆದ್ದು, ಕೊನೆಗೆ ಕಂಪನಿ ಹೊರಗಿನವರ ಪಾಲಾಯಿತು. ನಿಮ್ಮ ಮನೆಯ ಕಪಾಟಿನಲ್ಲಿ ಟೈಗರ್ ಬಾಮ್ ಇರಬಹುದು. ರಂಗೂನಿನ ಹಕ್ಕಾ ವೈದ್ಯನ ಮಕ್ಕಳಿಬ್ಬರು ಅದನ್ನು ಬೆಳೆಸಿದರು. ಅಣ್ಣನ ಹೆಸರಿನಲ್ಲಿ 'ಹುಲಿ', ತಮ್ಮನ ಹೆಸರಿನಲ್ಲಿ 'ಚಿರತೆ'. ಡಬ್ಬಿಯ ಮೇಲೆ ಹುಲಿ ಈಗಲೂ ಹಾರುತ್ತಿದೆ. ಕಂಪನಿ 1971ರಲ್ಲೇ ಮನೆತನದ ಕೈಬಿಟ್ಟು ಒಂದು ಬ್ರಿಟಿಷ್ ಸಂಸ್ಥೆಗೆ ಹೋಗಿತ್ತು.

ಒಟ್ಟಿಗಿರಲಿ ಎಂದು ಹಂಬಲಿಸಿದ ತಂದೆಯೊಬ್ಬನ ಸಂಗತಿ ಕೇಳಿ. ಥೈಲೆಂಡಿನ ಸಿ.ಪಿ. ಗುಂಪು 1921ರಲ್ಲಿ ಬ್ಯಾಂಕಾಕಿನಲ್ಲಿ ತರಕಾರಿ ಬೀಜ ಮಾರುವ 'ಚಿಯಾ ತೈ' ಎಂಬ ಅಂಗಡಿಯಾಗಿ ಆರಂಭವಾಯಿತು. ಯಜಮಾನ ತನ್ನ ನಾಲ್ವರು ಗಂಡುಮಕ್ಕಳಿಗೆ ಇಟ್ಟ ಚೀನೀ ಹೆಸರುಗಳ ಮೊದಲ ಅಕ್ಷರಗಳನ್ನು ಸಾಲಾಗಿ ಓದಿದರೆ 'ಚಿಯಾ ತೈ, ಚೀನಾ' ಎಂದಾಗುತ್ತದೆ. ಅಂಗಡಿಯ ಬೋರ್ಡನ್ನೇ ಮಕ್ಕಳ ಮೇಲೆ ಬರೆದಿಟ್ಟ. ಕೊನೆಗೆ ಗುಂಪನ್ನು ನಡೆಸಿದವನು ಕಿರಿಯ ಮಗ.

ಇನ್ನು ನಮ್ಮ ಕಾಫಿ ಅಜ್ಜನ ಮೊಮ್ಮಗ ಕಂಪ್ಯೂಟರ್ ಎಂಜಿನಿಯರ್. 1979ರಿಂದ ಇಲ್ಲಿ 'ಮ್ಯಾಂಡರಿನ್ ಮಾತಾಡಿ' ಎಂಬ ಸರ್ಕಾರಿ ಅಭಿಯಾನ ನಡೆದು, ಹುಡುಗನಿಗೆ ಹೈನಾನೀಸ್ ಮಾತು ಬಾರದು. ಅಜ್ಜ ಬೈದರೂ ಅವನಿಗೆ ತಿಳಿಯುವುದಿಲ್ಲ, ಅದೊಂದು ಅನುಕೂಲ.

ಸೈಕಲ್ಲಿನವ

ನನ್ನ ಪ್ರಶ್ನೆಗೆ ಉತ್ತರ ಕಳೆದ ವಾರ ಸಿಕ್ಕಿತು. ಇಲ್ಲಿ ಬರೆದ ಮೇಲೆ ಧೈರ್ಯ ಮಾಡಿ ಮಗಳನ್ನೇ ಕೇಳಿದೆ. ನಾನು ಹೋಗುವ ಎರಡು ತಿಂಗಳ ಮೊದಲೇ ಅವಳ ತಂದೆ ಮೂವರಿಗೆ ಫೋನ್ ಮಾಡಿಸಿದ್ದರಂತೆ: ಅವರಿಂದ ಹತ್ತು ವರ್ಷದಿಂದ ಮಾಲು ಕೊಳ್ಳುವ ಲೂಧಿಯಾನದ ಒಬ್ಬ ವ್ಯಾಪಾರಿ, ನನ್ನ ಸರಕು ಬಿಡಿಸುವ ಚೆನ್ನೈ ಬಂದರಿನ ಏಜೆಂಟು, ನನಗೆ ಟೈರು ಕಳಿಸುವ ಇನ್ನೊಂದು ತೈವಾನ್ ಕಾರ್ಖಾನೆಯವರು. ಟೀ ಮೇಜಿನ ಪ್ರಶ್ನೆಗಳಿಗೆಲ್ಲ ಉತ್ತರ ಅವರಿಗೆ ಮೊದಲೇ ಗೊತ್ತಿತ್ತು. ನಾನು ಸುಳ್ಳು ಹೇಳುತ್ತೇನೋ ಎಂದು ನೋಡಿದರು, ಅಷ್ಟೇ. ತಮ್ಮ ಬೇರೆಯಾಗಿದ್ದಾನೆ ಎಂಬುದನ್ನು ನಾನು ಮುಚ್ಚಿಡಬಹುದಿತ್ತು. ಮುಚ್ಚಿಡಲಿಲ್ಲ.

ಇದಕ್ಕೊಂದು ಬೆಲೆಯೂ ಇದೆ. ಹೋದ ವರ್ಷ ಒಂದು ಸಲ ಚೈನನ್ನು ಬೇರೆ ಕಡೆಯಿಂದ, ಸ್ವಲ್ಪ ಅಗ್ಗಕ್ಕೆ, ತರಿಸಿದ್ದೆ. ಹತ್ತು ದಿನದೊಳಗೆ ಹಿರಿಯರಿಂದ ಸಂದೇಶ ಬಂತು: "ಹೊಸ ಚೈನ್ ಹೇಗಿದೆ?" ಬೈಗುಳವಿಲ್ಲ, ದೂರಿಲ್ಲ. ಮತ್ತೆ ಆ ಕೆಲಸಕ್ಕೆ ಹೋಗಿಲ್ಲ.

ಈಗ ಹಿರಿಯರು ಕಾರ್ಖಾನೆಗೆ ಬರುವುದನ್ನು ಕಡಿಮೆ ಮಾಡಿದ್ದಾರೆ. ಮಗಳು ರಫ್ತು ವಿಮೆ ಮಾಡಿಸುತ್ತಿದ್ದಾಳೆ. ವಿಮೆಯವರಿಗೆ ಬೇಕೆಂದು ನನಗೆ ನಾಲ್ಕು ಪುಟದ ಅರ್ಜಿ ಕಳಿಸಿದ್ದಾಳೆ: ಮೂರು ವರ್ಷದ ಆಸ್ತಿ-ಹೊಣೆ ಪಟ್ಟಿ, ಜಿಎಸ್‌ಟಿ ವಿವರ, ಬ್ಯಾಂಕಿನ ಪತ್ರ. ತಂದೆಯವರಿಗೆ ನನ್ನ ಮೇಲೆ ನಂಬಿಕೆ ಹೋಯಿತೇ ಎಂದು ಕೇಳಿದೆ. "ಅವರ ನೋಟ್‌ಬುಕ್ಕು ನನಗೆ ಓದಲು ಬರುವುದಿಲ್ಲ, ಅಮ್ಮನ ಗುರುತುಗಳು ಅಮ್ಮನಿಗೇ ಗೊತ್ತು" ಎಂದಳು.

ಲೆಕ್ಕಪತ್ರ ಮೇಡಂ, ನನ್ನದು ಪಾಲುದಾರಿಕೆ ಸಂಸ್ಥೆಯಲ್ಲ, ಒಬ್ಬನದೇ ಮಾಲೀಕತ್ವ. ಆಸ್ತಿ-ಹೊಣೆ ಪಟ್ಟಿ ಯಾವ ನಮೂನೆಯಲ್ಲಿ ಕೊಟ್ಟರೆ ಒಪ್ಪುತ್ತಾರೆ?

ಲೆಕ್ಕಪತ್ರ

ಆದಾಯ ತೆರಿಗೆ ವಿವರದ ಜೊತೆ ಸಲ್ಲಿಸಿದ್ದನ್ನೇ ಲೆಕ್ಕಪರಿಶೋಧಕರ ಸಹಿ, ಮೊಹರಿನೊಂದಿಗೆ ಇಂಗ್ಲಿಷಿನಲ್ಲಿ ಕೊಡಿ. ಮೂರೂ ವರ್ಷದ್ದರಲ್ಲಿ ಅಂಗಡಿಯ ಹೆಸರಿನ ಕಾಗುಣಿತ ಜಿಎಸ್‌ಟಿಯಲ್ಲಿರುವಂತೆಯೇ ಇರಲಿ, ಒಂದು ಅಕ್ಷರ ಹೆಚ್ಚುಕಡಿಮೆಯಾದರೂ ವಿಮೆಯವರು ವಾಪಸ್ ಕಳಿಸುತ್ತಾರೆ. ತಮ್ಮನ ಪಾಲು ಕೊಟ್ಟ ವರ್ಷದ ಪಟ್ಟಿಯಲ್ಲಿ ಬಂಡವಾಳ ಇಳಿದಿರುತ್ತದೆ. ಏಕೆಂದು ಕೇಳುತ್ತಾರೆ. ವಿಭಾಗ ಪತ್ರದ ಪ್ರತಿಯನ್ನು ಜೊತೆಗಿಡಿ.